ಗ್ರೀಕರ ಶಿಷ್ಯನೂ ನಮ್ಮ ಮನೆಯ ಚಪ್ಪಲಿಯೂ

ನಮ್ಮ ಊರಿಗೆ ಹೊಸದಾಗಿ ಬಂದವರು ಇಲ್ಲಿಯ ಜನ ಬಹಳ ದೈವಭಕ್ತರೆಂದು ತಿಳಿಯುತ್ತಾರೆ. ಪೇಟೆಯಲ್ಲಿ ನಡೆಯುತ್ತಿದ್ದವರು ತಟ್ಟನೆ ನಿಂತು ಆಕಾಶ ನೋಡುವುದು, ಒಂದು ಗಳಿಗೆ ಹಾಗೆಯೇ ಇದ್ದು ಮತ್ತೆ ಮುಂದೆ ಹೋಗುವುದು ಅವರ ಕಣ್ಣಿಗೆ ಬೀಳುತ್ತದೆ. ಅವರ ತಿಳಿವಳಿಕೆಯನ್ನು ನಾವು ತಿದ್ದುವುದಿಲ್ಲ; ಒಳ್ಳೆಯ ಹೆಸರು ತಾನಾಗಿ ಬಂದರೆ ಬೇಡವೆನ್ನುವವರು ಯಾರು? ನಿಜವಾದ ಸಂಗತಿ ಬೇರೆ. ಮೊನ್ನೆ ಮೊನ್ನೆಯವರೆಗೆ ತನ್ನದಾಗಿದ್ದ ಕೊಡೆ ಎದುರಿಗೆ ಬರುವವರ ತಲೆಯ ಮೇಲೆ ಕಂಡರೆ ಆಕಾಶ ನೋಡುವುದು ನಮ್ಮಲ್ಲಿ ಮರ್ಯಾದೆ. ಕೊಡೆಯನ್ನು ನೋಡಬಾರದು, ಹಿಡಿದವರ ಮುಖವನ್ನು ನೋಡಬಾರದು, ಮಾತಂತೂ ಆಡಲೇಬಾರದು. ಮಕ್ಕಳಿಗೆ ಅಕ್ಷರ ಕಲಿಸುವುದಕ್ಕಿಂತ ಮೊದಲು ಇದನ್ನು ಕಲಿಸುತ್ತೇವೆ.

ನಲವತ್ತು ದಿನ ಬಳಸದೆ ಇಟ್ಟ ಸಾಮಾನು ನಮ್ಮ ಊರಿನಲ್ಲಿ ಇಟ್ಟಲ್ಲಿ ಇರುವುದಿಲ್ಲ. ನಲವತ್ತನೆಯ ದಿನ ಮಧ್ಯಾಹ್ನ, ಊರೆಲ್ಲ ಉಂಡು ಅಡ್ಡಾದ ಹೊತ್ತಿನಲ್ಲಿ, ಅದು ಹೋಗುತ್ತದೆ. ಎದ್ದು ಮುಖ ತೊಳೆದು ಬರುವಷ್ಟರಲ್ಲಿ ನಮ್ಮ ಗೂಟ ಬರಿದಾಗಿರುತ್ತದೆ. ಎಲ್ಲಿಯೋ ಒಂದು ಮನೆಯಲ್ಲಿ ಅದು ಹೋಗಿ ಕುಳಿತಿರುತ್ತದೆ. ಯಾರಿಗೆ ಬೇಕೋ ಅವರ ಮನೆಗೆ ಹೋಗುತ್ತದೆಂದು ಹಿರಿಯರು ಹೇಳುತ್ತ ಬಂದಿದ್ದಾರೆ, ನಾವೂ ಹಾಗೆಯೇ ಹೇಳುತ್ತ ಬಂದಿದ್ದೇವೆ. ಕಳೆದುಕೊಂಡವರು ಹುಡುಕುವುದಿಲ್ಲ, ಪಡೆದವರು ಕೇಳುವುದಿಲ್ಲ. ಒಂದು ಚಿಟಿಕೆ ಅರಿಷಿಣ ಹಚ್ಚಿ ಬಳಸಲು ಸುರು ಮಾಡುತ್ತಾರೆ.

ಆದರೆ ಜನ ಜನವೇ ಅಲ್ಲವೆ? ಮೂವತ್ತೊಂಬತ್ತನೆಯ ದಿನ ಸಾಮಾನನ್ನು ಒಮ್ಮೆ ಬಳಸಿಬಿಟ್ಟರೆ ಲೆಕ್ಕ ಮತ್ತೆ ಒಂದರಿಂದ ಸುರುವಾಗುತ್ತದೆ. ಇದಕ್ಕೆ ನಲವತ್ತು ಮುರಿಯುವುದು ಎನ್ನುತ್ತೇವೆ. ಹಾಗಾಗಿ ನಮ್ಮ ಊರಿನಲ್ಲಿ ಹೆಂಗಸರು ಮದುವೆಯ ಜರತಾರಿ ಸೀರೆ ಉಟ್ಟು ಕಾಯಿಪಲ್ಲೆ ತರುತ್ತಾರೆ. ಎಂಬತ್ತು ದಾಟಿದ ಪೈಲವಾನ ಬಸಲಿಂಗಪ್ಪನವರು ಸವಾ ತಿಂಗಳಿಗೊಮ್ಮೆ ಇಬ್ಬರನ್ನು ಆಸರೆಗೆ ಇಟ್ಟುಕೊಂಡು ಗದೆಯನ್ನು ಮೊಳಕಾಲಿನವರೆಗೆ ಎತ್ತಿ ಇಳಿಸುತ್ತಾರೆ. ನೋಡಲು ಹೋದವರಿಗೆ ಚಹಾ ಕೊಡುತ್ತಾರೆ. ಮೋಸ ಮಾತ್ರ ನಡೆಯುವುದಿಲ್ಲ. ಸಾಮಾನನ್ನು ಯಾವ ಕೆಲಸಕ್ಕೆಂದು ಮಾಡಿದ್ದಾರೋ ಆ ಕೆಲಸಕ್ಕೇ ಬಳಸಬೇಕು. ಒಬ್ಬರು ವೀಣೆಯ ಮೇಲೆ ಹಪ್ಪಳ ಒಣಹಾಕಿ ಇದೂ ಬಳಕೆಯೇ ಎಂದು ನಿಶ್ಚಿಂತೆಯಿಂದ ಮಲಗಿದ್ದರು. ಎದ್ದು ನೋಡಿದರೆ ಹಪ್ಪಳ ನೆಲದ ಮೇಲಿತ್ತು, ವೀಣೆ ಇರಲಿಲ್ಲ.

ನನ್ನ ಹೆಂಡತಿ ಚಂದ್ರಾಬಾಯಿ ಇಲ್ಲಿಯ ಕಾಲೇಜಿನಲ್ಲಿ ಅರ್ಥಶಾಸ್ತ್ರ ಕಲಿಸುತ್ತಿದ್ದಳು. ಊರಿಗೆಲ್ಲ ಅಕ್ಕೋರು. ನಾನು ಊರ ವಾಚನಾಲಯ ನೋಡಿಕೊಳ್ಳುತ್ತಿದ್ದೆ. ನಾನು ದಿನಕ್ಕೆ ಮೂರು ಹೊತ್ತು ಸಂಧ್ಯಾವಂದನೆ ಮಾಡುವವನು. ಅವಳು ದೀಪ ಹಚ್ಚಿ, ಕೈಮುಗಿದು, ಅದೇ ಕೈಯಿಂದ ಗ್ರೀಕರ ಪುಸ್ತಕ ತೆಗೆಯುವವಳು. ಪ್ರತಿವರ್ಷ ಹೊಸ ಮಕ್ಕಳಿಗೆ ಮೊದಲನೆಯ ಪಾಠ ಅಲ್ಲಿಂದಲೇ. ಎರಡು ಸಾವಿರದ ಮುನ್ನೂರು ವರ್ಷಗಳ ಹಿಂದೆ ಆ ದೇಶದಲ್ಲಿ ಒಬ್ಬ ಗುರು ಇದ್ದ, ಅವನಿಗೊಬ್ಬ ಶಿಷ್ಯ ಇದ್ದ. ಇಂದು ಜಗತ್ತಿನಲ್ಲಿ ಆಸ್ತಿಪಾಸ್ತಿಯ ಬಗ್ಗೆ ಆಡುವ ಜಗಳವೆಲ್ಲ ಆ ಇಬ್ಬರ ಜಗಳದ ಮರಿಮಕ್ಕಳು ಎಂದು ಆರಂಭಿಸುತ್ತಿದ್ದಳು. ನಾಡನ್ನು ಕಾಯುವವರಿಗೆ ಸ್ವಂತದ್ದೆಂದು ಏನೂ ಇರಬಾರದು, ಮನೆ ಉಗ್ರಾಣ ಎಲ್ಲ ಒಟ್ಟಿಗೆ, ಊಟ ಒಂದೇ ಪಂಕ್ತಿಯಲ್ಲಿ, ಬಂಗಾರವನ್ನು ಮುಟ್ಟಲೂಬಾರದು ಎಂದು ಗುರು ಹೇಳಿದ. ಶಿಷ್ಯ ಒಪ್ಪಲಿಲ್ಲ. ಎಲ್ಲರಿಗೂ ಸೇರಿದ್ದನ್ನು ಯಾರೂ ನೆಟ್ಟಗೆ ನೋಡಿಕೊಳ್ಳುವುದಿಲ್ಲ, ತನ್ನದೆಂದರೆ ಮಾತ್ರ ಮನುಷ್ಯನಿಗೆ ಜೀವ ಎಂದ.

ಚಂದ್ರೆ ಗುರುವಿನ ಕಡೆ, ನಾನು ಶಿಷ್ಯನ ಕಡೆ. ಹೀಗೆ ನಲವತ್ತೆರಡು ವರ್ಷ ಸಂಸಾರ ಮಾಡಿದೆವು.

"ಓಣಿ ನಳ ನೋಡು," ಎನ್ನುತ್ತಿದ್ದೆ ನಾನು. "ಎಲ್ಲಾರ ನಳ. ಮೂರು ತಿಂಗಳಾತು ಸೋರಲಿಕ್ಕೆ ಹತ್ತಿ. ಯಾವನರ ರಿಪೇರಿ ಮಾಡಿಸ್ಯಾನ? ನನ್ನ ಶಿಷ್ಯ ಹೇಳಿದ್ದೇ ಖರೆ."

"ಹೌದ್ರೀ. ಮತ್ತ ನಮ್ಮನಿ ನಳ ಯಾರು ರಿಪೇರಿ ಮಾಡಿಸಿದ್ರು? ನಿಮ್ಮದೇ ಅಲ್ಲ ಅದು?"

"ಯಾರು ಮಾಡಿಸಿದ್ರು?"

"ನೋಡ್ರಿ, ಅದು ಸೋರತಿತ್ತು ಅನ್ನೂದೂ ಗೊತ್ತಿಲ್ಲ ನಿಮಗ," ಎಂದು ಅವಳು ನಗುತ್ತ ಒಳಗೆ ಹೋಗುತ್ತಿದ್ದಳು. ನಾನು ಗೆದ್ದೆನೋ ಸೋತೆನೋ ತಿಳಿಯದೆ ಪಂಚಾಂಗ ತಿರುವುತ್ತಿದ್ದೆ.

ಕಾರ್ತೀಕದಲ್ಲಿ ಅವಳು ಹೋದಳು. ಮೂರು ದಿನ ಜ್ವರ, ನಾಲ್ಕನೆಯ ದಿನ ಬೆಳಿಗ್ಗೆ ಇರಲಿಲ್ಲ. ಭಗವಂತ ಕೊಟ್ಟಿದ್ದ, ಭಗವಂತ ತೆಗೆದುಕೊಂಡ. ಈ ಮಾತನ್ನು ಬೇರೆಯವರ ಮನೆಯಲ್ಲಿ ಎಷ್ಟೋ ಸಲ ಹೇಳಿ ಸಮಾಧಾನ ಮಾಡಿ ಬಂದಿದ್ದೆ. ನನ್ನ ಮನೆಯಲ್ಲಿ ಅದು ಬಾಯಿಗೆ ಬರಲಿಲ್ಲ. ಕರ್ಮಾಂತರ, ಬಂಧುಗಳು, ಪತ್ರಗಳು, ಇವುಗಳ ನಡುವೆ ದಿನಗಳ ಎಣಿಕೆ ತಪ್ಪಿತು. ಒಂದು ಮಧ್ಯಾಹ್ನ ಎದ್ದಾಗ ಅವಳ ಕೊಡೆ ಇರಲಿಲ್ಲ. ಕನ್ನಡಕ ಇರಲಿಲ್ಲ. ಕೈಗಡಿಯಾರ, ಕಾಲೇಜಿಗೆ ಒಯ್ಯುತ್ತಿದ್ದ ಚೀಲ, ಎಲೆಯಡಿಕೆಯ ಹಿತ್ತಾಳೆಯ ಡಬ್ಬಿ, ಯಾವುದೂ ಇರಲಿಲ್ಲ. ಮರುವಾರ ಬಳೆ ಮಾರುವ ಹೆಂಗಸು ಚಂದ್ರೆಯ ಕನ್ನಡಕ ಹಾಕಿಕೊಂಡು ಬಳೆಯ ಅಳತೆ ನೋಡುತ್ತಿದ್ದಳು. ನಾನು ನಿಂತು ಆಕಾಶ ನೋಡಿದೆ. ಬಹಳ ಹೊತ್ತು ನೋಡಿದೆನೆಂದು ಕಾಣುತ್ತದೆ, ಒಬ್ಬ ಪರಸ್ಥಳದವನು ಬಂದು ನನ್ನ ಕಾಲು ಮುಟ್ಟಿ ನಮಸ್ಕಾರ ಮಾಡಿ ಹೋದ.

ಉಳಿದದ್ದು ಎರಡೇ. ಒಂದು ಅವಳ ಪಾಠದ ಟಿಪ್ಪಣಿಗಳ ದಪ್ಪ ವಹಿ. ನಾನು ಆಗಾಗ ತೆಗೆದು ಎರಡು ಪುಟ ಓದುತ್ತಿದ್ದುದರಿಂದ ಅದು ನಿಂತಿತು. ಇನ್ನೊಂದು ಅವಳ ಚಪ್ಪಲಿ. ಕ್ರಿಯೆಗೆಂದು ಬಂದಿದ್ದ ನನ್ನ ಅತ್ತಿಗೆ ಮೂವತ್ತೇಳನೆಯ ದಿನ ಕತ್ತಲೆ ಕೋಣೆಯಲ್ಲಿ ತನ್ನದೆಂದು ತಿಳಿದು ಅದನ್ನೇ ಮೆಟ್ಟಿಕೊಂಡು ಹಿತ್ತಲಿಗೆ ಹೋಗಿ ಬಂದಿದ್ದಳು. ತಪ್ಪಾಯಿತೆಂದು ಅವಳು ಕೆನ್ನೆ ಬಡಿದುಕೊಂಡಳು. ನಾನು ಮನಸ್ಸಿನಲ್ಲಿ ಅವಳಿಗೆ ದೀರ್ಘಾಯುಸ್ಸು ಕೋರಿದೆ. ತೊಗಲಿನ ಚಪ್ಪಲಿ, ಅಟ್ಟೆಯ ಮೇಲೆ ಅವಳ ಐದು ಬೆರಳಿನ ಗುರುತು ಕಪ್ಪಗೆ ಬಿದ್ದಿದೆ, ಕಿರುಬೆರಳಿನ ಗುರುತು ಸ್ವಲ್ಪ ಓರೆ. ಅವಳ ಫೋಟೋ ಗೋಡೆಯ ಮೇಲಿತ್ತು, ಆದರೆ ಫೋಟೋದಲ್ಲಿ ಅವಳು ಯಾರದೋ ಮದುವೆಗೆ ಹೊರಟವಳಂತೆ ಬಿಗಿಯಾಗಿದ್ದಾಳೆ. ಚಪ್ಪಲಿಯಲ್ಲಿ ಮಾತ್ರ ಅವಳು ನಮ್ಮ ಮನೆಯವಳಾಗಿ ಉಳಿದಿದ್ದಳು. ಇದು ಹೋಗಬಾರದು ಎಂದು ನಿಶ್ಚಯಿಸಿದೆ.

ಆದರೆ ನಲವತ್ತು ಮುರಿಯುವುದು ಹೇಗೆ? ನನ್ನ ಕಾಲು ಅದರಲ್ಲಿ ಅರ್ಧವೂ ಹೋಗದು. ದೇವರ ಕೋಣೆಯ ಹೊರಗೆ ಒಂದು ಮಣೆಯ ಮೇಲಿಟ್ಟು ದಿನವೂ ಹೂವು ಇಡಲೇ ಎಂದು ಆಚಾರ್ಯರನ್ನು ಕೇಳಿದೆ. ಅವರು ನನ್ನನ್ನು ಕನಿಕರದಿಂದ ನೋಡಿ, "ರಾಯರ, ಪಾದುಕಾ ಬ್ಯಾರೆ, ಚಪ್ಪಲಿ ಬ್ಯಾರೆ. ಹೂ ಇಟ್ರ ನೀವು ಪೂಜಾ ಮಾಡಿಧಂಗ ಆತು, ಅದು ನಡದಂಗ ಆಗಲಿಲ್ಲ," ಎಂದರು. ವೀಣೆಯ ಮೇಲಿನ ಹಪ್ಪಳದ ಕಥೆ ಅವರಿಗೂ ಗೊತ್ತಿತ್ತು. ಈ ಮಾತಿನಲ್ಲಿಯೂ ನನ್ನ ಶಿಷ್ಯನೇ ಮುಂದೆ ಬಂದು ನಿಂತ. ಚಪ್ಪಲಿಯಿಂದ ಎರಡು ಉಪಯೋಗ, ಒಂದು ಮೆಟ್ಟುವುದು, ಇನ್ನೊಂದು ಬೇರೆ ವಸ್ತುವಿಗೆ ಬದಲಾಯಿಸಿಕೊಳ್ಳುವುದು. ಆದರೆ ಚಪ್ಪಲಿ ಹುಟ್ಟಿದ್ದು ಮೆಟ್ಟುವುದಕ್ಕೇ ಎಂದು ಅವನು ಆ ಕಾಲದಲ್ಲಿಯೇ ಹೇಳಿಬಿಟ್ಟಿದ್ದಾನೆ. ಅರ್ಥಶಾಸ್ತ್ರದವರು ಬಳಕೆಯ ಬೆಲೆ, ಪೇಟೆಯ ಬೆಲೆ ಎಂದು ಇಂದಿಗೂ ಬರೆಯುವುದಕ್ಕೆ ಇದೇ ಬೇರು ಎಂದು ಚಂದ್ರೆಯ ವಹಿಯಲ್ಲಿದೆ. ಜಗತ್ತಿನಲ್ಲಿ ಬೇರೆ ಸಾಮಾನು ಇರಲಿಲ್ಲವೆ ಅವನಿಗೆ, ಚಪ್ಪಲಿಯೇ ಆಗಬೇಕಿತ್ತೆ?

ಅತ್ತಿಗೆ ತನ್ನ ಊರಿಗೆ ಹೋಗಿಯಾಗಿತ್ತು; ಚಂದ್ರೆಯ ಪಾದದ್ದೇ ಅಳತೆಯ ಬೇರೆ ಹೆಂಗಸನ್ನು ಹುಡುಕಬೇಕಾಯಿತು. ಚಪ್ಪಲಿಯನ್ನು ಹಳೆಯ ಪತ್ರಿಕೆಯ ಮೇಲಿಟ್ಟು ಸುತ್ತಲೂ ಪೆನ್ಸಿಲಿನಿಂದ ಗೆರೆ ಎಳೆದು ಕತ್ತರಿಸಿ ಜೇಬಿನಲ್ಲಿ ಇಟ್ಟುಕೊಂಡೆ. ಎಪ್ಪತ್ತೊಂದು ವರ್ಷದ ವಿಧುರ ಹೆಂಗಸರ ಕಾಲು ನೋಡುತ್ತ ತಿರುಗುವುದು ಶೋಭೆಯಲ್ಲವೆಂದು ನನಗೂ ಗೊತ್ತಿತ್ತು. ಆದರೆ ನಮ್ಮ ಊರಿನಲ್ಲಿ ಇಂಥದನ್ನು ಎಲ್ಲರೂ ತಿಳಿದುಕೊಳ್ಳುತ್ತಾರೆ. ಪಕ್ಕದ ಮನೆಯ ಅಂಬಕ್ಕ ತಾನಾಗಿಯೇ ಬಂದು ಕಾಲು ಚಾಚಿದಳು. ಅವಳ ಹೆಬ್ಬೆರಳು ಪತ್ರಿಕೆಯ ಆಚೆ ಇಡೀ ಒಂದು ಅಂಗುಲ ಹೋಯಿತು.

"ಚಂದ್ರಕ್ಕಂದು ಗುಬ್ಬಿ ಕಾಲು," ಎಂದಳು ಅಂಬಕ್ಕ, ಸ್ವಲ್ಪ ಸಿಟ್ಟಿನಿಂದ. "ಮಾತು ಮಾತ್ರ ಆನಿದು. ನಿಮ್ಮನಿಯೊಳಗ ಕೆಲಸಾ ಮಾಡ್ತಾಳಲ್ಲ, ಹುಲಿಗೆವ್ವ, ಆಕಿ ಕಾಲು ನೋಡೀರೇನು?"

ನೋಡಿರಲಿಲ್ಲ. ಹುಲಿಗೆವ್ವ ಮೂವತ್ತು ವರ್ಷಗಳಿಂದ ನಮ್ಮ ಮನೆಯ ಮುಸುರೆ ತಿಕ್ಕಿ, ಬಟ್ಟೆ ಒಗೆದು ಹೋಗುವವಳು. ಹಿತ್ತಲ ಬಾಗಿಲಿನಿಂದ ಬರುತ್ತಾಳೆ, ಅದೇ ಬಾಗಿಲಿನಿಂದ ಹೋಗುತ್ತಾಳೆ. ಅವಳ ದನಿ ನನಗೆ ಗೊತ್ತು, ಬಳೆಯ ಸಪ್ಪಳ ಗೊತ್ತು, ಬೈಗುಳದಲ್ಲಿ ಅರ್ಧದಷ್ಟು ಗೊತ್ತು. ಅಂದು ಹಿತ್ತಲಿಗೆ ಹೋದೆ. ಅವಳು ಕೊಡ ಹೊತ್ತು ಆ ಕಡೆ ಹೋಗಿದ್ದಳು. ಒಗೆಯುವ ಕಲ್ಲಿನ ಪಕ್ಕ ಬಂಡೆಯ ಮೇಲೆ ಅವಳ ಒದ್ದೆ ಹೆಜ್ಜೆ ಮೂಡಿತ್ತು. ಪತ್ರಿಕೆಯನ್ನು ಅದರ ಮೇಲಿಟ್ಟೆ. ಹಿಮ್ಮಡಿಗೆ ಹಿಮ್ಮಡಿ, ಬೆರಳ ತುದಿಗೆ ಬೆರಳ ತುದಿ. ನೀರು ಹೀರಿ ಪತ್ರಿಕೆ ಹರಿದುಹೋಯಿತು, ಆದರೆ ನನಗೆ ಬೇಕಾದದ್ದು ಸಿಕ್ಕಿತ್ತು.

ಹುಲಿಗೆವ್ವ ಒಪ್ಪಿದಳು. ಮೂವತ್ತೊಂಬತ್ತನೆಯ ದಿನ ಕೆಲಸ ಮುಗಿಸಿ, ಕಾಲು ತೊಳೆದು ಒರೆಸಿ, ಚಪ್ಪಲಿ ಮೆಟ್ಟಿ, ಹಿತ್ತಲಿನಿಂದ ತುಳಸಿಕಟ್ಟೆಯವರೆಗೆ ಹೋಗಿ ತಿರುಗಿ ಬಂದು ಬಿಟ್ಟಳು. ಟಪ್ ಟಪ್ ಎಂದು ಆ ಸಪ್ಪಳ ಮನೆಯಲ್ಲಿ ಕೇಳಿ ಎರಡೂವರೆ ತಿಂಗಳಾಗಿತ್ತು. ನಾನು ಕಂಬ ಹಿಡಿದು ನಿಂತಿದ್ದೆ. ಅವಳು ಚಪ್ಪಲಿಯನ್ನು ಜೋಡಿಸಿಟ್ಟು ಸೆರಗು ಕೊಡವಿ, "ಸಾಕೇನ್ರಿ ರಾಯರ, ಇನ್ನೊಂದು ಸುತ್ತು ಬರ್ಲೇನು?" ಎಂದಳು. ಸಾಕು ಎಂದೆ. ಮಾಘದಲ್ಲೊಮ್ಮೆ, ಫಾಲ್ಗುಣದಲ್ಲೊಮ್ಮೆ, ಚೈತ್ರದ ಕೊನೆಗೊಮ್ಮೆ ಹೀಗೆ ನಡೆಯಿತು. ನಮ್ಮ ಏರ್ಪಾಡನ್ನು ವಾಚನಾಲಯದ ಕಟ್ಟೆಯ ಮೇಲೆ ಎಲ್ಲರೂ ಹೊಗಳಿದರು. ತನ್ನದನ್ನು ಕಾಪಾಡಿಕೊಳ್ಳುವುದೆಂದರೆ ಹೀಗೆ ಎಂದು ಬಸಲಿಂಗಪ್ಪನವರು ಗದೆಯ ಮೇಲೆ ಕೈಯಿಟ್ಟು ಹೇಳಿದರು. ಚಂದ್ರೆ ಇದ್ದಿದ್ದರೆ ನೋಡು, ನನ್ನ ಶಿಷ್ಯನೇ ಗೆದ್ದ ಎನ್ನುತ್ತಿದ್ದೆ.

ವೈಶಾಖದಲ್ಲಿ ಸೆಖೆ ವಿಪರೀತವಾಯಿತು. ಮಧ್ಯಾಹ್ನ ನಿದ್ದೆ ಬರುತ್ತಿರಲಿಲ್ಲ. ಕಿಟಕಿಯ ಪಕ್ಕದಲ್ಲಿ ಕುಳಿತು ಅವಳ ವಹಿ ಓದುತ್ತಿದ್ದೆ. ಒಂದು ದಿನ ಐದು ಮಂಚದ ಪಾಠ ಬಂತು. ಐದು ಮಂಚ ಕೊಟ್ಟರೆ ಒಂದು ಮನೆ ಸಿಗುತ್ತದೆ ಎನ್ನೋಣ. ಹಾಗಾದರೆ ಐದು ಮಂಚವೂ ಒಂದು ಮನೆಯೂ ಸಮ. ಮಂಚದ ಮೇಲೆ ಮಲಗುತ್ತೇವೆ, ಮನೆಯೊಳಗೆ ಇರುತ್ತೇವೆ, ಒಂದಕ್ಕೊಂದು ಹೋಲಿಕೆಯೇ ಇಲ್ಲ. ಮತ್ತೆ ಇವೆರಡರಲ್ಲಿ ಸಮನಾಗಿರುವುದು ಏನು? ಈ ಪ್ರಶ್ನೆ ಮೊದಲು ಕೇಳಿದವನು ನನ್ನ ಶಿಷ್ಯನೇ. ಓದಿ ಹಿಗ್ಗಿದೆ. ಮುಂದಿನ ಸಾಲಿಗೆ ಹೋದೆ. ಪ್ರಶ್ನೆ ಕೇಳಿದ ಶಿಷ್ಯ ಅಲ್ಲಿಯೇ ನಿಂತುಬಿಟ್ಟ, ನಿಜವಾಗಿ ಸಮವೆನ್ನುವಂಥದು ಏನೂ ಇಲ್ಲ, ಏನೋ ವ್ಯವಹಾರಕ್ಕೆ ಹಾಗೆ ಮಾಡಿಕೊಂಡಿದ್ದೇವೆ ಎಂದು ಕೈಬಿಟ್ಟ ಎಂದು ಬರೆದಿದ್ದಳು. ಎರಡು ಸಾವಿರ ವರ್ಷ ಕಳೆದ ಮೇಲೆ ಚಳಿಯ ದೇಶದ ಒಬ್ಬ ಗಡ್ಡದ ಪಂಡಿತ, ಮುಂದೆ ಯಾರ ಹೆಸರಿನಲ್ಲಿ ಕಮ್ಯುನಿಸ್ಟರು ಬಾವುಟ ಹಿಡಿದರೋ ಅವನು, ಈ ಪುಟವನ್ನು ತೆರೆದು ಶಿಷ್ಯನಿಗೆ ಕೈಮುಗಿದು ಉತ್ತರ ಹೇಳಿದನಂತೆ. ಸಮನಾಗಿರುವುದು ಅವನ್ನು ಮಾಡಿದವರ ದುಡಿಮೆ. ಅಷ್ಟು ದೊಡ್ಡ ಬುದ್ಧಿವಂತನಾದ ಶಿಷ್ಯನಿಗೆ ಅದು ಯಾಕೆ ಕಾಣಲಿಲ್ಲ? ಅವನ ಊರಿನಲ್ಲಿ ದುಡಿಯುವವರು ಗುಲಾಮರು. ಅವನು ಕುಳಿತ ನೆಲ ಯಾರೋ ಗುಡಿಸಿದ್ದು, ಉಂಡ ತಾಟು ಯಾರೋ ತೊಳೆದಿದ್ದು. ಕಣ್ಣೆದುರೇ ಇದ್ದರೂ ಅವರು ಅವನಿಗೆ ಲೆಕ್ಕಕ್ಕೆ ಬರಲಿಲ್ಲ.

ಇದರ ಪಕ್ಕದಲ್ಲಿ, ಅಂಚಿನಲ್ಲಿ, ಅವಳ ಸಣ್ಣ ಅಕ್ಷರದಲ್ಲಿ ಹೀಗಿತ್ತು: "ನಮ್ಮ ಮನೆಯವರ ಹಾಗೆ."

ನಗು ಬಂತು. ಸತ್ತ ಮೇಲೂ ಬಿಡಲಿಲ್ಲ ನೋಡು ಎಂದು ಫೋಟೋದ ಕಡೆ ನೋಡಿದೆ. ಮತ್ತೆ ವಹಿಯತ್ತ ನೋಡಿದಾಗ ಅದರ ಕೆಳಗೆ, ಬೇರೆ ಶಾಯಿಯಲ್ಲಿ, ಬಹಳ ವರ್ಷಗಳ ಮೇಲೆ ಸೇರಿಸಿದ್ದಿರಬೇಕು, ಇನ್ನೆರಡು ಶಬ್ದ ಇದ್ದವು: "ನನ್ನ ಹಾಗೆಯೂ."

ಇದು ನನಗೆ ಅರ್ಥವಾಗಲಿಲ್ಲ. ತಲೆಯೆತ್ತಿ ಕಿಟಕಿಯ ಹೊರಗೆ ನೋಡಿದೆ. ಹುಲಿಗೆವ್ವ ಕೆಲಸ ಮುಗಿಸಿ ಓಣಿಯಲ್ಲಿ ಮನೆಗೆ ಹೊರಟಿದ್ದಳು. ನಮ್ಮ ಗೋಡೆಯ ನೆರಳು ಮುಗಿಯುವಲ್ಲಿ ನಿಂತಳು. ಸೀರೆ ಎತ್ತಿ ಹಿಡಿದು, ಬಿಸಿಲು ಬಿದ್ದ ಫರಸಿ ಕಲ್ಲಿನ ಮೇಲೆ ಹಿಮ್ಮಡಿಯೂರದೆ ಬೆರಳ ತುದಿಯಲ್ಲಿ ಓಡಿ ಅಂಬಕ್ಕನ ಮನೆಯ ಕಟ್ಟೆಯ ನೆರಳು ಸೇರಿದಳು. ಅಲ್ಲಿ ಒಂದು ಪಾದದ ಮೇಲೆ ಇನ್ನೊಂದನ್ನು ಇಟ್ಟು ನಿಂತಳು. ಮತ್ತೆ ಓಡಿ ಬೇವಿನ ನೆರಳಿಗೆ. ಇದನ್ನು ನಾನು ಮೂವತ್ತು ಬೇಸಿಗೆ ನೋಡಿದ್ದೇನೆ. ಈ ಹೆಂಗಸು ನೆರಳು ಕಂಡಲ್ಲೆಲ್ಲ ನಿಂತು ಕಾಲ ಕಳೆಯುತ್ತಾಳೆ, ಅದಕ್ಕೇ ಬರುವುದು ತಡವಾಗುತ್ತದೆ ಎಂದು ಚಂದ್ರೆಯ ಮುಂದೆ ಹೇಳಿಯೂ ಇದ್ದೇನೆ.

ಅಂದು ಮೂವತ್ತೇಳನೆಯ ದಿನ. ಸುಮ್ಮನಿದ್ದರೆ ಇನ್ನು ಮೂರು ದಿನಕ್ಕೆ ಚಪ್ಪಲಿ ತಾನಾಗಿಯೇ ಹೋಗುತ್ತಿತ್ತು. ಭಗವಂತ ಅದನ್ನು ಸರಿಯಾದ ಮನೆಗೇ ಕಳಿಸುತ್ತಾನೆಂಬ ನಂಬಿಕೆ ನನಗಿಲ್ಲವೆಂದು ಅಲ್ಲ. ಈ ಒಂದು ಚಿಕ್ಕ ಕೆಲಸಕ್ಕೆ ಅವನಿಗೆ ತೊಂದರೆ ಕೊಡುವುದು ಬೇಡ ಎನಿಸಿತು. ಮರುದಿನ ಬೆಳಿಗ್ಗೆ ಚಪ್ಪಲಿಯನ್ನು ಕೈಯಲ್ಲಿ ಹಿಡಿದುಕೊಂಡು ಹಿತ್ತಲಿಗೆ ಹೋದೆ.

"ಹುಲಿಗೆವ್ವ, ಇವನ್ನ ತಗೊಂಡು ಹೋಗು."

ಅವಳು ಬೂದಿಗೈಯಲ್ಲೇ ಬೆರಳು ಮಡಿಚಿ ಎಣಿಸಿದಳು. "ನಾಳಿ ಅಲ್ಲೇನ್ರಿ? ಇವತ್ತು ಮೂವತ್ತೆಂಟು."

"ಮೆಟ್ಟಿ ತುಳಸಿಕಟ್ಟಿ ಮಟಾ ಹೋಗಿ ಬರೂದಲ್ಲ. ನಿನಗ. ನಿನ್ನ ಮನಿಗೆ."

ಅವಳ ಮುಖ ಸಣ್ಣದಾಯಿತು. ಕೈಯಲ್ಲಿದ್ದ ತಂಬಿಗೆ ಕೆಳಗಿಟ್ಟಳು. "ಯಾಕ್ರಿ, ನಾ ಏನ್ ತಪ್ಪು ಮಾಡೇನ್ರಿ? ನಾಳಿಂದ ಬರಬ್ಯಾಡ ಅಂತೀರೇನು?"

ಆಗ ನನಗೆ ಹೊಳೆಯಿತು. ನಮ್ಮ ಊರಿನಲ್ಲಿ ಒಬ್ಬರು ಇನ್ನೊಬ್ಬರಿಗೆ ಕೈಯಾರೆ ಸಾಮಾನು ಕೊಡುವ ರೂಢಿಯೇ ಇಲ್ಲ. ಹೋಗುವುದು ತಾನೇ ಹೋಗುತ್ತದೆ, ಬರುವುದು ತಾನೇ ಬರುತ್ತದೆ. ಕೈಯಲ್ಲಿ ಹಿಡಿದು ಕೊಡುವುದೆಂದರೆ ಕೆಲಸದಿಂದ ಬಿಡಿಸುವಾಗ, ಇಲ್ಲವೆ ಮಗಳನ್ನು ಕಳಿಸುವಾಗ. ಹಾಗಲ್ಲವೆಂದು ತಿಳಿಸಿ ಹೇಳುವಷ್ಟರಲ್ಲಿ ನನಗೆ ಬೆವರು ಬಂತು. ಆಮೇಲೆ ಕೇಳಿದೆ, "ಮೂವತ್ತು ವರ್ಷದಾಗ ನಿಮ್ಮನಿಗೆ ಚಪ್ಪಲಿ ಬರಲೇ ಇಲ್ಲೇನು?"

ಹುಲಿಗೆವ್ವ ನಕ್ಕಳು. ಮೊದಲು ಮೆಲ್ಲಗೆ, ಆಮೇಲೆ ಬಂಡೆಯ ಮೇಲೆ ಕುಳಿತು.

"ಯಾರ ಚಪ್ಪಲಿ ನಲವತ್ತು ದಿನ ಸುಮ್ನ ಕುಂಡರ್ತಾವ್ರಿ ರಾಯರ? ಉಪಯೋಗಕ್ಕ ಬರೂವಂಥದ್ದನ್ನ ಎಲ್ಲಾರೂ ಮೂವತ್ತೊಂಬತ್ತಕ್ಕ ಮುರದಬಿಡ್ತಾರ. ನಮ್ಮನಿಗೆ ಬರೂದು ಯಾರಿಗೂ ನೆನಪಿಲ್ಲದ್ದು. ಒಮ್ಮೆ ತಂಬೂರಿ ಬಂದಿತ್ತು, ನಾಕ ದಿನಾ ಟೊಂಯ್ ಅನಿಸಿದ್ವಿ. ಒಮ್ಮೆ ಟೈಪ್ ಹೊಡಿಯೂ ಮಿಷನ್ನು. ಹೋದ ವರ್ಷ ಆನಿ ದಂತದ್ದು ಕೋಲು ಬಂತು, ಬೆಳ್ಳಿ ಹಿಡಿಕಿದು. ಅದರ ಕೂಡ ಏನ್ ಮಾಡಬೇಕ್ರಿ, ನಾಯಿ ಬಡಿಯಾಕ ಬರಂಗಿಲ್ಲ, ಜೀವ ಅಂಜತೈತಿ. ನಮ್ಮನ್ಯಾಗೂ ನಲವತ್ತು ದಿನಾ ಇದ್ದು ಹೊಕ್ಕಾವ್ರಿ ಅವು, ಬೀಗರು ಬಂಧಂಗ."

ಯಾರಿಗೆ ಬೇಕೋ ಅವರ ಮನೆಗೆ ಹೋಗುತ್ತದೆ! ಈ ಮಾತನ್ನು ನಾನು ವಾಚನಾಲಯದ ಕಟ್ಟೆಯ ಮೇಲೆ ಎಷ್ಟು ಸಲ ಹೇಳಿದ್ದೇನೆ. ಇದನ್ನೇ ಹಿಡಿದು ನಮ್ಮ ಊರು ತನ್ನ ಗುರುವಿನ ಮಾತಿಗೆ ಸಾಕ್ಷಿ ಎಂದು ಚಂದ್ರೆಯೂ ಮಕ್ಕಳಿಗೆ ಕಲಿಸಿದ್ದಳು. ಆ ಎರಡು ಶಬ್ದವನ್ನು ಅವಳು ಯಾಕೆ ಬರೆದಳೆಂಬುದು ನನಗೆ ಹಿತ್ತಲಲ್ಲಿ, ಮುಸುರೆ ಪಾತ್ರೆಗಳ ನಡುವೆ ತಿಳಿಯಿತು.

"ಆತು, ಇವನ್ನ ತಗೋ ಈಗ," ಎಂದೆ.

ಅವಳು ಚಪ್ಪಲಿಯ ಕಡೆ ನೋಡಿದಳು, ನನ್ನ ಕಡೆ ನೋಡಿದಳು. "ಒಂದ್ ಮಾತು ಹೇಳಿದ್ರ ಸಿಟ್ಟಿಗೇಳಬಾರ್ದು."

"ಹೇಳು."

"ಕಾಲು ಕಡಿತಾವ್ರಿ."

"ಏನು?"

"ಉದ್ದ ಬರೋಬರಿ ಐತ್ರಿ. ಅಗಲ ಸಾಲಂಗಿಲ್ಲ. ಅಕ್ಕೋರದು ಸಣ್ಣ ಪಾದ. ನಂದು ಮೆಟ್ಟದ ಕಾಲು, ಹರಡೇತಿ. ಮೂರು ಸಲ ತುಳಸಿಕಟ್ಟಿ ಮಟಾ ಹೋಗಿ ಬರೂದ್ರಾಗ ಕಿರುಬೆರಳಿಗೆ ಬೊಬ್ಬಿ ಎದ್ದು ಹೋತು. ನೀವು ಕಂಬಾ ಹಿಡಕೊಂಡು ನಿಂತಿದ್ರಲ್ಲ, ಆ ಮಾರಿ ನೋಡಿ ಹೆಂಗ ಹೇಳ್ಲಿ? ಇರ್ಲಿ ಬಿಡ್ರಿ, ನಿಮ್ಮ ಹತ್ರಾನ ಇರ್ಲಿ."

ಬಂಡೆಯ ಮೇಲಿನ ಹೆಜ್ಜೆಯ ಉದ್ದ ಮಾತ್ರ ನೋಡಿದ್ದೆ ನಾನು. ಅಗಲ ನೋಡುವಷ್ಟರಲ್ಲಿ ಪತ್ರಿಕೆ ಹರಿದಿತ್ತು, ನನಗೂ ಅಷ್ಟೇ ಸಾಕಾಗಿತ್ತು. ನಾಚಿಕೆಯಾಯಿತು. ಆದರೆ ಖರೆ ಹೇಳಬೇಕೆಂದರೆ, ಹೊಟ್ಟೆಯೊಳಗೆ ಒಂದು ಸಣ್ಣ ಸಂತೋಷವೂ ಎದ್ದಿತು. ಕೊಡಲು ಹೋಗಿದ್ದೆ, ಅವಳೇ ಬೇಡವೆಂದಳು, ಇನ್ನು ಇಟ್ಟುಕೊಳ್ಳಬಹುದು. ಆ ಸಂತೋಷವನ್ನು ಕಂಡು ಇನ್ನೂ ನಾಚಿಕೆಯಾಯಿತು. ಚಪ್ಪಲಿಯನ್ನು ಚೀಲಕ್ಕೆ ಹಾಕಿ, "ಮುಸುರಿ ಆಮ್ಯಾಲ ತಿಕ್ಕು, ನಡಿ," ಎಂದೆ.

ಹೊಳೆಪ್ಪ ಬಸ್ ನಿಲ್ದಾಣದ ಬೇವಿನ ಕೆಳಗೆ ಕುಳಿತು ಚಪ್ಪಲಿ ಹೊಲಿಯುತ್ತಾನೆ. ಹುಲಿಗೆವ್ವನ ಕಾಲನ್ನು ಒಂದು ತೊಗಲಿನ ಮೇಲೆ ಇಡಿಸಿ ನೋಡಿದ, ಚಪ್ಪಲಿಯನ್ನು ತಿರುಗಿಸಿ ಮುರುಗಿಸಿ ನೋಡಿದ. ಪಟ್ಟಿಯನ್ನು ಬಿಚ್ಚಿ ಹೊಸದು ಹಾಕಬೇಕು, ಎರಡೂ ಮಗ್ಗಲಿಗೆ ಅಟ್ಟೆಯನ್ನು ಹೆಚ್ಚಿಸಬೇಕು ಎಂದ. ಆಮೇಲೆ ಬೆರಳಿನಿಂದ ಆ ಐದು ಗುರುತುಗಳನ್ನು ಸವರಿದ.

"ರಾಯರ, ಇವು ಅಕ್ಕೋರ ಬೆರಳು. ಕಿರುಬೆರಳು ಓರೆ ಐತಿ ಅಂತ ಈ ಕಡಿ ಒಂದು ಹೊಲಿಗಿ ಜಾಸ್ತಿ ಹಾಕಿಸ್ಕೋತಿದ್ರು. ಅಗಲ ಮಾಡಿದ ಮ್ಯಾಲ ಇಡೀ ಅಟ್ಟಿ ಮ್ಯಾಲೆ ಹೊಸಾ ತೊಗಲು ಹಾಸಬೇಕ್ರಿ. ಗುರುತು ಮುಚ್ಚಿ ಹೊಕ್ಕೈತಿ. ಹಾಸಲೇನು?"

ನಾನು ಆ ಓರೆ ಗುರುತಿನ ಮೇಲೆ ಬೆರಳಿಟ್ಟೆ. ಹೊಳೆಪ್ಪ ಉಳಿಯನ್ನು ಹಿಡಿದುಕೊಂಡು ಕಾದ. ಹುಲಿಗೆವ್ವ ಬೇವಿನ ನೆರಳಿನಲ್ಲಿ ಒಂದು ಪಾದದ ಮೇಲೆ ಇನ್ನೊಂದನ್ನು ಇಟ್ಟುಕೊಂಡು ಬೇರೆ ಕಡೆ ನೋಡುತ್ತಿದ್ದಳು.

"ಹೊಕ್ಕೈತಿ ಅಂದ್ರ ಪೂರಾ ಅಲ್ರಿ," ಎಂದ ಹೊಳೆಪ್ಪ, ಕೊನೆಗೆ ತಾನೇ. "ಒಳಗ ಇರತೈತಿ. ಕಾಣಂಗಿಲ್ಲ, ಅಷ್ಟ."

ಕಾಣದೆ ಒಳಗಿರುವವನನ್ನು ನಾನು ದಿನಕ್ಕೆ ಮೂರು ಹೊತ್ತು ನಂಬುತ್ತೇನೆ. ಜನಿವಾರ ಹಾಕಿದಂದಿನಿಂದ ನಂಬುತ್ತ ಬಂದಿದ್ದೇನೆ. ಒಂದು ಚಪ್ಪಲಿಯ ಮಟ್ಟಿಗೆ ನಂಬಲಾರೆನೆ?

"ಹಾಸು," ಎಂದೆ.

ಬೆಳಗಿನ ಹೊತ್ತೆಲ್ಲ ಅಲ್ಲಿಯೇ ಕುಳಿತು ಅವನ ಕೆಲಸ ನೋಡಿದೆ. ತೊಗಲನ್ನು ನೀರಿಗೆ ಹಾಕಿ ಮೆತ್ತಗೆ ಮಾಡುವುದು, ಎಳೆದು ಬಡಿಯುವುದು, ನೂಲಿಗೆ ಮೇಣ ತಿಕ್ಕುವುದು, ಹಲ್ಲು ಕಚ್ಚಿ ಹೊಲಿಗೆ ಬಿಗಿಯುವುದು. ಎಪ್ಪತ್ತೊಂದು ವರ್ಷ ಚಪ್ಪಲಿ ಮೆಟ್ಟಿದ ನಾನು ಚಪ್ಪಲಿ ಮಾಡುವುದನ್ನು ಮೊದಲಿನಿಂದ ಕೊನೆಯವರೆಗೆ ನೋಡಿದ್ದು ಅಂದೇ. ನಡುವೆ ಒಮ್ಮೆ ಹೊಳೆಪ್ಪ ತಲೆಯೆತ್ತಿ, "ಹಿಂಗ ನೋಡಬ್ಯಾಡ್ರಿ, ಕೈ ನಡಗ್ತಾವ," ಎಂದ.

ಸುದ್ದಿ ನಮಗಿಂತ ಮೊದಲೇ ಓಣಿಗೆ ಮುಟ್ಟಿತ್ತು. ರಾಯರು ಕೈಯಾರೆ ಕೊಟ್ಟರಂತೆ ಎಂದು ಊರು ಎಂಟು ದಿನ ಮಾತನಾಡಿತು. "ದೇವರು ಮಾಡೂ ಕೆಲಸಾ ತಾವ ಮಾಡಿದ್ರ ದೇವರಿಗೆ ಏನ್ ಉಳೀತು?" ಎಂದು ಅಂಬಕ್ಕ ಗೋಡೆಯ ಆಚೆಯಿಂದ ನನಗೆ ಕೇಳುವ ಹಾಗೆ ಹೇಳಿದಳು. ಬಸಲಿಂಗಪ್ಪನವರು ಮಾತ್ರ ಒಂದು ಸಂಜೆ ಹತ್ತಿರ ಕರೆದು, ಗದೆ ಯಾ‌ರಿಗಾದರೂ ಬೇಕೇನು ಕೇಳಿ ನೋಡು, ನನಗೆ ನಡು ನೋಯುತ್ತದೆ ಎಂದು ಪಿಸುಗುಟ್ಟಿದರು. ಯಾರಿಗೂ ಬೇಕಾಗಿಲ್ಲ. ಹುಲಿಗೆವ್ವನನ್ನು ಕೇಳಿದೆ, ಅವಳು ಬೈದಳು.

ಚಪ್ಪಲಿ ಕೊಟ್ಟ ಮರುದಿನ ನಾನು ಜಗಲಿಯ ಮೇಲೆ ಕುಳಿತು ವಹಿ ತೆರೆದಿದ್ದೆ. ಬಿಸಿಲು ಏರಿತ್ತು. ಓಣಿಯ ತಿರುವಿನಲ್ಲಿ ಟಪ್ ಟಪ್ ಎಂದು ಕೇಳಿತು. ಆ ಸಪ್ಪಳ ಬೇವಿನ ನೆರಳಿನಲ್ಲಿ ನಿಲ್ಲಲಿಲ್ಲ, ಅಂಬಕ್ಕನ ಕಟ್ಟೆಯ ಕೆಳಗೂ ನಿಲ್ಲಲಿಲ್ಲ, ಓಣಿಯ ನಟ್ಟನಡುವೆ ಬಿಸಿಲಿನಲ್ಲಿಯೇ ಸಾವಕಾಶವಾಗಿ ಬಂತು. ಹುಲಿಗೆವ್ವ ಅಂದು ಹಿತ್ತಲಿಗೆ ಸುತ್ತಿ ಹೋಗದೆ ಮುಂಬಾಗಿಲಿಗೇ ಬಂದು ಮೆಟ್ಟಿಲ ಪಕ್ಕದಲ್ಲಿ, ಚಂದ್ರೆ ಬಿಡುತ್ತಿದ್ದ ಜಾಗದಲ್ಲಿಯೇ, ಚಪ್ಪಲಿ ಬಿಟ್ಟಳು.

ನಾನು ಊರ ಮರ್ಯಾದೆಯಂತೆ ತಲೆಯೆತ್ತಿ ಆಕಾಶ ನೋಡಿದೆ. ಒಂದು ತುಣುಕು ಮೋಡವೂ ಇರಲಿಲ್ಲ. ಆಯಿತು, ನಿನ್ನ ಗುರುವೂ ಪೂರ್ತಿ ಗೆಲ್ಲಲಿಲ್ಲ, ನನ್ನ ಶಿಷ್ಯನೂ ಗೆಲ್ಲಲಿಲ್ಲ, ಇನ್ನು ಹೇಳು ಎಂದು ಮನಸ್ಸಿನಲ್ಲಿ ಚಂದ್ರೆಯನ್ನು ಕೇಳಿದೆ. ಕುತ್ತಿಗೆ ನೋಯುವವರೆಗೆ ನೋಡಿದೆ. ಕೆಳಗೆ ನೋಡಿದ್ದರೆ ಕಣ್ಣಲ್ಲಿದ್ದದ್ದು ಬಿದ್ದುಬಿಡುತ್ತಿತ್ತು.

ಹುಲಿಗೆವ್ವ ಹೊಸ್ತಿಲ ಹತ್ತಿರ ನಿಂತಳು. ಅವಳೂ ಒಮ್ಮೆ ಮೇಲೆ ನೋಡಿದಳು.

"ಏನ್ರಿ ರಾಯರ," ಎಂದಳು, "ಮಳಿ ಬರ್ತೈತೇನ್ರಿ?"

"ಬಂದರೂ ಬರಬಹುದು," ಎಂದೆ.

"ಹಂಗಾರ ಒಗದ ಅರಬಿ ಒಳಗ ಒಣಹಾಕ್ತೀನಿ," ಎಂದು ಒಳಗೆ ಹೋದಳು.